ಮಿಯೋಶಿ ಉಮೇಕಿ: ಒಂದು ಆಸ್ಕರ್, ಹಾಲಿವುಡ್‌ನಲ್ಲಿ ಐದೇ ಸಿನಿಮಾ. ಅಷ್ಟಕ್ಕೇ ಯಾಕೆ ನಿಂತಿತು?

ಹಳೇ ಟಾಕೀಸು

2021ರಲ್ಲಿ ಕೊರಿಯಾದ ಯೂನ್ ಯೂ-ಜಂಗ್ ಅವರಿಗೆ 'ಮಿನಾರಿ' ಚಿತ್ರಕ್ಕಾಗಿ ಪೋಷಕ ನಟಿ ಆಸ್ಕರ್ ಬಂತು. ನಟನೆಗೆ ಆಸ್ಕರ್ ಪಡೆದ ಏಷ್ಯಾದ ಎರಡನೇ ಮಹಿಳೆ ಎಂದು ಸುದ್ದಿಗಳಲ್ಲಿ ಬರೆದರು. ಮೊದಲನೆಯವರು ಯಾರು? ಹೆಚ್ಚಿನ ಕಡೆ ಅವರ ಹೆಸರು ಅರ್ಧ ಸಾಲಿನಲ್ಲಿ ಮುಗಿದುಹೋಯಿತು. ಅವರಿಗೆ ಪ್ರಶಸ್ತಿ ಬಂದದ್ದು 1958ರ ಮಾರ್ಚ್ 26ರಂದು. ನಡುವೆ 63 ವರ್ಷ!

ಆ ಅರ್ಧ ಸಾಲಿನ ನಟಿಯ ಬಗ್ಗೆ ಸ್ವಲ್ಪ ನಿಧಾನವಾಗಿ ಮಾತಾಡೋಣ ಎಂದು ಈ ಚರ್ಚೆ ಶುರು ಮಾಡುತ್ತಿದ್ದೇನೆ.

ಮಿಯೋಶಿ ಉಮೇಕಿ ಹುಟ್ಟಿದ್ದು 1929ರ ಮೇ 8ರಂದು, ಜಪಾನಿನ ಉತ್ತರದ ತುದಿಯ ದ್ವೀಪ ಹೊಕ್ಕೈಡೋದ ಒಟಾರು ಎಂಬ ಬಂದರು ಊರಿನಲ್ಲಿ. ಒಂಬತ್ತು ಮಕ್ಕಳಲ್ಲಿ ಕೊನೆಯವರು. ಅಪ್ಪನದು ಕಬ್ಬಿಣದ ಕಾರ್ಖಾನೆ. 1945ರಲ್ಲಿ ಯುದ್ಧ ಮುಗಿದು ಅಮೆರಿಕದ ಸೈನ್ಯ ಬಂದಿಳಿದಾಗ ಅವರಿಗೆ 16 ವರ್ಷ. ಸೈನಿಕರ ರೇಡಿಯೊದಲ್ಲಿ ಬರುತ್ತಿದ್ದ ಅಮೆರಿಕನ್ ಹಾಡುಗಳನ್ನು ಕೇಳಿ ಕೇಳಿ ಕಲಿತರು. ಸಾಂಪ್ರದಾಯಿಕ ಮನಸ್ಸಿನ ಮನೆಯವರಿಗೆ ಇದು ಹಿಡಿಸಲಿಲ್ಲ. ಆದರೂ ನ್ಯಾನ್ಸಿ ಉಮೇಕಿ ಎಂಬ ಹೆಸರಿನಲ್ಲಿ ಜಾಝ್ ಗಾಯಕಿಯಾದರು. 1950ರಿಂದ 1954ರವರೆಗೆ ಜಪಾನಿನಲ್ಲಿ ಆರ್‌ಸಿಎ ವಿಕ್ಟರ್ ಕಂಪನಿಗೆ ಹಾಡಿದರು. 1953ರಲ್ಲಿ 'ಸೇಶುನ್ ಜಾಝು ಮುಸುಮೆ' ಎಂಬ ಜಪಾನಿ ಸಿನಿಮಾದಲ್ಲೂ ಕಾಣಿಸಿಕೊಂಡರು.

1955ರಲ್ಲಿ ಅಮೆರಿಕಕ್ಕೆ ಬಂದರು. ಆರ್ಥರ್ ಗಾಡ್‌ಫ್ರೀ ಅವರ ಟಿವಿ ಕಾರ್ಯಕ್ರಮದಲ್ಲಿ ಹಾಡುತ್ತಿದ್ದಾಗ ನಿರ್ದೇಶಕ ಜೋಶುವಾ ಲೋಗನ್ ಕಣ್ಣಿಗೆ ಬಿದ್ದರು. 'ಸಯೊನಾರಾ' ಚಿತ್ರದ ಕತ್ಸುಮಿ ಪಾತ್ರ ಸಿಕ್ಕಿತು. 1957ರ ಕೊನೆಗೆ ಚಿತ್ರ ಬಂತು, ಮೂರ್ನಾಲ್ಕು ತಿಂಗಳಲ್ಲಿ ಆಸ್ಕರ್ ಕೈಯಲ್ಲಿತ್ತು. ಆಗ ವಯಸ್ಸು 28.

ಆಮೇಲೆ? 1961ರಲ್ಲಿ 'ಕ್ರೈ ಫಾರ್ ಹ್ಯಾಪಿ' ಮತ್ತು 'ಫ್ಲವರ್ ಡ್ರಮ್ ಸಾಂಗ್'. 1962ರಲ್ಲಿ 'ದಿ ಹಾರಿಜಾಂಟಲ್ ಲೆಫ್ಟಿನೆಂಟ್' ಮತ್ತು 'ಎ ಗರ್ಲ್ ನೇಮ್ಡ್ ಟಮಿಕೊ'. ಅಲ್ಲಿಗೆ ಸಿನಿಮಾ ಮುಗಿಯಿತು. 33ನೇ ವಯಸ್ಸಿಗೇ. ಇನ್ನೂ 45 ವರ್ಷ ಬದುಕಿದ್ದರು, ಮತ್ತೊಂದು ಸಿನಿಮಾ ಮಾಡಲಿಲ್ಲ.

'ಪಾಪ, ಅನ್ಯಾಯವಾಯಿತು' ಎಂದು ಹೇಳಿ ಮುಗಿಸಿಬಿಡುವುದು ಸುಲಭ. ಅನ್ಯಾಯ ಆದದ್ದು ನಿಜ. ಆದರೆ ಅಷ್ಟನ್ನೇ ಹೇಳಿದರೆ ಆ ಐದು ವರ್ಷದಲ್ಲಿ ಅವರು ಮಾಡಿದ ಕೆಲಸವನ್ನು ಯಾರೂ ನೋಡುವುದೇ ಇಲ್ಲ. ನನಗೆ ಬೇಜಾರು ಇರುವುದು ಅದಕ್ಕೆ.

ಕಡಲ ತಡಿ

ಚೆನ್ನಾಗಿದೆ ಸರ್. ಇವರೇ ಅಲ್ವಾ ಆಸ್ಕರ್ ಪ್ರತಿಮೆಯನ್ನು ಕಸಕ್ಕೆ ಎಸೆದವರು? ಎಲ್ಲೋ ಓದಿದ ನೆನಪು. ಅದು ನಿಜವೋ, ಸುಮ್ನೆ ಹಬ್ಬಿದ ಕಥೆಯೋ?

ಹಳೇ ಟಾಕೀಸು

ಅವರ ಮಗನೇ 2018ರಲ್ಲಿ ಒಂದು ಪತ್ರಿಕೆಗೆ ಹೇಳಿದ್ದು ಅದು. 1970ರ ದಶಕದಲ್ಲಿ ಪ್ರತಿಮೆಯ ಮೇಲಿದ್ದ ತಮ್ಮ ಹೆಸರನ್ನು ಕೆರೆದು ತೆಗೆದು, ಆಮೇಲೆ ಎಸೆದುಬಿಟ್ಟರಂತೆ. ಎರಡನೇ ಗಂಡ ರ‍್ಯಾಂಡಲ್ ಹುಡ್ ತೀರಿಕೊಂಡದ್ದು 1976ರಲ್ಲಿ, ಅದಾದ ಮೇಲೆ ನಡೆದದ್ದು. ತಾನು ಯಾರು, ಏನು ಮಾಡಿದ್ದೇನೆ ಎಂಬುದು ತನಗೆ ಗೊತ್ತಿದೆ, ಅದಕ್ಕೆ ಪ್ರತಿಮೆ ಬೇಕಿಲ್ಲ ಎಂಬ ಅರ್ಥದಲ್ಲಿ ಮಗನಿಗೆ ಹೇಳಿದ್ದರಂತೆ.

ಇದನ್ನು ಸಿಟ್ಟು ಅನ್ನುವವರಿದ್ದಾರೆ, ವೈರಾಗ್ಯ ಅನ್ನುವವರಿದ್ದಾರೆ. ಗಂಡನನ್ನು ಕಳೆದುಕೊಂಡ ಹೊತ್ತಿನಲ್ಲಿ ಒಬ್ಬರು ಮನೆಯೊಳಗೆ ಮಾಡಿದ ಕೆಲಸಕ್ಕೆ ನಾವು ಇಲ್ಲಿ ಕೂತು ಹೆಸರಿಡುವುದು ಬೇಡ ಎಂದು ನನ್ನ ಅಭಿಪ್ರಾಯ.

ಸಂಜೆ ಓದು

ಒಂದು ಆಕ್ಷೇಪ ಹೇಳಲೇಬೇಕು. ಆ ಕತ್ಸುಮಿ ಪಾತ್ರವಾದರೂ ಏನು? ಅಮೆರಿಕನ್ ಗಂಡ ಸ್ನಾನಕ್ಕೆ ಕೂತರೆ ಬೆನ್ನು ಉಜ್ಜುತ್ತಾಳೆ, ತಲೆ ಬಗ್ಗಿಸುತ್ತಾಳೆ, ನಗುತ್ತಾಳೆ, ಕೊನೆಗೆ ಗಂಡನ ಜೊತೆ ಸಾಯುತ್ತಾಳೆ. ಅಮೆರಿಕದ ಗಂಡಸರು ಜಪಾನಿ ಹೆಂಗಸರ ಬಗ್ಗೆ ಏನು ಕನಸು ಕಂಡಿದ್ದರೋ ಅದೇ ಪಾತ್ರ. ಅದನ್ನು ಒಪ್ಪವಾಗಿ ಮಾಡಿದ್ದಕ್ಕೆ ಪ್ರಶಸ್ತಿ ಕೊಟ್ಟರು. ಅದೇ ಸಿನಿಮಾದಲ್ಲಿ ಕಬುಕಿ (ಜಪಾನಿನ ಸಾಂಪ್ರದಾಯಿಕ ನಾಟಕ) ಕಲಾವಿದನ ಪಾತ್ರಕ್ಕೆ ಒಬ್ಬ ಜಪಾನಿ ಸಿಗಲಿಲ್ಲವಾ? ಮೆಕ್ಸಿಕೊದ ರಿಕಾರ್ಡೊ ಮೊಂಟಲ್ಬಾನ್‌ಗೆ ಬಣ್ಣ ಬಳಿದು ನಿಲ್ಲಿಸಿದ್ದಾರೆ. ಇದರ ಹಿಂದಿನ ವರ್ಷವೇ ಈ ಚಿತ್ರದ ನಾಯಕ ಮಾರ್ಲನ್ ಬ್ರ್ಯಾಂಡೊ ಇನ್ನೊಂದು ಚಿತ್ರದಲ್ಲಿ ಒಕಿನಾವಾದ ದುಭಾಷಿಯಾಗಿ ವೇಷ ಹಾಕಿದ್ದರು. ಇಂಥ ಕಾಲದ ಒಂದು ಪ್ರಶಸ್ತಿಯನ್ನು ನಾವು ಈಗ ಕೊಂಡಾಡಬೇಕಾ?

ಸಾಗರದಾಚೆ

ನಾನು ಕ್ಯಾಲಿಫೋರ್ನಿಯಾದಲ್ಲಿದ್ದೇನೆ. ಇಲ್ಲಿನ ಕಾನೂನಿನ ಇತಿಹಾಸ ಸ್ವಲ್ಪ ಓದಿದ್ದೇನೆ, ಅದನ್ನು ಸೇರಿಸುತ್ತೇನೆ. ಅದು ಗೊತ್ತಿಲ್ಲದೆ 'ಸಯೊನಾರಾ' ನೋಡಿದರೆ ಬರೀ ಒಂದು ಅಳುವ ಪ್ರೇಮಕಥೆ ಅನ್ನಿಸುತ್ತದೆ.

1924ರ ಕಾಯ್ದೆ ಜಪಾನಿನಿಂದ ಅಮೆರಿಕಕ್ಕೆ ವಲಸೆ ಬರುವುದನ್ನು ಹೆಚ್ಚುಕಡಿಮೆ ನಿಲ್ಲಿಸಿಬಿಟ್ಟಿತ್ತು. ಜಪಾನಿನಲ್ಲಿ ಹುಟ್ಟಿ ಇಲ್ಲಿಗೆ ಬಂದವರಿಗೆ 1952ರವರೆಗೆ ಅಮೆರಿಕದ ಪೌರತ್ವ ಪಡೆಯಲು ದಾರಿಯೇ ಇರಲಿಲ್ಲ. ಯುದ್ಧದ ಕಾಲದಲ್ಲಿ ಜಪಾನಿ ಮೂಲದ ಸುಮಾರು 1,20,000 ಜನರನ್ನು ಮನೆಯಿಂದ ಎಬ್ಬಿಸಿ ಶಿಬಿರಗಳಲ್ಲಿ ಕೂಡಿಹಾಕಿದ್ದರು. ಅವರಲ್ಲಿ ಹೆಚ್ಚಿನವರು ಇಲ್ಲೇ ಹುಟ್ಟಿದ ಅಮೆರಿಕದ ಪ್ರಜೆಗಳು. ಇನ್ನು ಬಿಳಿಯರು ಬೇರೆ ಜನಾಂಗದವರನ್ನು ಮದುವೆಯಾಗಬಾರದು ಎಂಬ ಕಾನೂನು ಹಲವು ರಾಜ್ಯಗಳಲ್ಲಿತ್ತು. ಸುಪ್ರೀಂ ಕೋರ್ಟ್ ಅದನ್ನು ಪೂರ್ತಿ ತೆಗೆದುಹಾಕಿದ್ದು 1967ರಲ್ಲಿ. ಅಂದರೆ ಉಮೇಕಿ ಅವರ ಕೈಗೆ ಆಸ್ಕರ್ ಬಂದು ಒಂಬತ್ತು ವರ್ಷ ಆದ ಮೇಲೆ!

ಸಿನಿಮಾದವರೂ ತಮಗೆ ತಾವೇ ನಿಯಮ ಮಾಡಿಕೊಂಡಿದ್ದರು. ಬಿಳಿಯರು ಮತ್ತು ಇತರ ಜನಾಂಗದವರ ನಡುವಿನ ಪ್ರೇಮವನ್ನು ತೆರೆಯ ಮೇಲೆ ತೋರಿಸಬಾರದು ಎಂಬ ನಿಷೇಧ ಅವರ ಸಂಹಿತೆಯಲ್ಲೇ ಇತ್ತು. ಅದನ್ನು ಕೈಬಿಟ್ಟದ್ದು 1956ರಲ್ಲಿ. 'ಸಯೊನಾರಾ' ಬಂದದ್ದು ಅದರ ಮರುವರ್ಷ.

ಈಗ ಚಿತ್ರದ ಕಥೆ ನೋಡಿ. 1951, ಕೊರಿಯಾ ಯುದ್ಧದ ಕಾಲ. ವಾಯುಪಡೆಯ ಜೋ ಕೆಲ್ಲಿ ಕತ್ಸುಮಿಯನ್ನು ಮದುವೆಯಾಗುತ್ತಾನೆ. ಮೇಲಧಿಕಾರಿಗಳಿಗೆ ಇಷ್ಟವಿಲ್ಲ. ಅವನನ್ನು ಅಮೆರಿಕಕ್ಕೆ ವಾಪಸ್ ಕಳಿಸಲು ಆದೇಶ ಬರುತ್ತದೆ. ಗರ್ಭಿಣಿ ಹೆಂಡತಿಯನ್ನು ಕರೆದುಕೊಂಡು ಹೋಗುವಂತಿಲ್ಲ. ಇಬ್ಬರೂ ಸಾಯುತ್ತಾರೆ. ಕಾನೂನು ಬದಲಾಗುತ್ತಿದೆ ಎಂಬ ಸುದ್ದಿ ಬರುವ ಹೊತ್ತಿಗೆ ಅವರಿಲ್ಲ. ಯುದ್ಧದ ನಂತರ ಅಮೆರಿಕದ ಸೈನಿಕರನ್ನು ಮದುವೆಯಾದ ಸಾವಿರಾರು ಜಪಾನಿ ಹೆಂಗಸರು ನಿಜವಾಗಿ ಇದ್ದರು. ಅವರ ಸಂಕಟದ ಒಂದು ತುಣುಕಾದರೂ ದೊಡ್ಡ ತೆರೆಯ ಮೇಲೆ ಬಂತು. ನನಗೆ ಅದು ಸಣ್ಣ ವಿಷಯ ಅನ್ನಿಸುವುದಿಲ್ಲ.

ಸಂಜೆ ಓದು

ಇಷ್ಟು ವಿವರ ಕೊಟ್ಟದ್ದಕ್ಕೆ ಧನ್ಯವಾದ. ಕಥೆಗೆ ಬೆಲೆ ಇದೆ, ಒಪ್ಪುತ್ತೇನೆ. ನನ್ನ ಪ್ರಶ್ನೆ ಪಾತ್ರದ್ದು. ನಟಿಗೆ ಅಲ್ಲಿ ಮಾಡಲಿಕ್ಕೆ ಏನಾದರೂ ಇತ್ತಾ?

ಹಳೇ ಟಾಕೀಸು

ಇತ್ತು. ಒಂದು ಪ್ರಸಂಗ ಹೇಳುತ್ತೇನೆ. ಕತ್ಸುಮಿ ತನ್ನ ಕಣ್ಣುಗಳನ್ನು ಶಸ್ತ್ರಚಿಕಿತ್ಸೆಯಿಂದ ಪಶ್ಚಿಮದವರ ಕಣ್ಣುಗಳ ಹಾಗೆ ಮಾಡಿಸಿಕೊಳ್ಳಲು ಹೊರಡುತ್ತಾಳೆ. ಅಮೆರಿಕಕ್ಕೆ ಹೋದಾಗ ಜನ ಗಂಡನನ್ನು ಆಡಿಕೊಳ್ಳಬಾರದು ಎಂದು. ಕೆಲ್ಲಿಗೆ ಗೊತ್ತಾಗಿ ಕೂಗಾಡುತ್ತಾನೆ. ಬರವಣಿಗೆಯಲ್ಲಿ ಮಾತೆಲ್ಲ ಗಂಡನದೇ. ಉಮೇಕಿಗೆ ಮಾತು ಹೆಚ್ಚಿಲ್ಲ. ಆದರೂ ನಾಚಿಕೆ, ಭಯ, 'ನಾನು ಮಾಡಿದ್ದರಲ್ಲಿ ತಪ್ಪೇನು' ಎಂಬ ಹಟ ಮೂರೂ ಒಟ್ಟಿಗೆ ಕಾಣುತ್ತವೆ. ಬರೆದವರು ಕೊಟ್ಟದ್ದು ಒಬ್ಬ ವಿಧೇಯ ಹೆಂಡತಿಯನ್ನು. ತೆರೆಯ ಮೇಲೆ ಇರುವುದು ತನ್ನ ಮುಖವೇ ತನಗೆ ಅಡ್ಡಿ ಎಂದು ನಂಬಿಸಲ್ಪಟ್ಟ ಒಬ್ಬ ಹೆಂಗಸು. ಆ ವ್ಯತ್ಯಾಸ ಬಂದದ್ದು ನಟಿಯಿಂದ.

ಆ ವರ್ಷ ಅವರ ಜೊತೆ ಸ್ಪರ್ಧೆಯಲ್ಲಿದ್ದವರು ಯಾರು ಗೊತ್ತಾ? ಎಲ್ಸಾ ಲ್ಯಾಂಚೆಸ್ಟರ್, ಕ್ಯಾರೊಲಿನ್ ಜೋನ್ಸ್, ಹೋಪ್ ಲ್ಯಾಂಗ್, ಡಯೇನ್ ವಾರ್ಸಿ. ಎಲ್ಲರಿಗೂ ಇಂಗ್ಲಿಷ್ ತಾಯ್ನುಡಿ. ಉಮೇಕಿ ಆ ದೇಶಕ್ಕೆ ಬಂದೇ ಮೂರು ವರ್ಷ ಆಗಿರಲಿಲ್ಲ. ವೇದಿಕೆಗೆ ಬಂದಾಗ ಏನು ಹೇಳಬೇಕೆಂದು ತೋಚದೆ ನಿಂತರು. ಗೆಲ್ಲುತ್ತೇನೆಂದು ಅಂದುಕೊಂಡೇ ಇರಲಿಲ್ಲವಂತೆ.

ಕಡಲ ತಡಿ

ಕೆಲ್ಲಿ ಪಾತ್ರ ಮಾಡಿದ ರೆಡ್ ಬಟನ್ಸ್ ಅವರಿಗೂ ಅದೇ ರಾತ್ರಿ ಪೋಷಕ ನಟ ಆಸ್ಕರ್ ಬಂದಿತ್ತು, ಅಲ್ವಾ? ಅವರಿಗೆ ಆಮೇಲೆ ಏನಾಯಿತು?

ಹಳೇ ಟಾಕೀಸು

ಒಳ್ಳೆಯ ಪ್ರಶ್ನೆ ಮೇಡಂ. ಈ ಚರ್ಚೆಯ ಉತ್ತರ ಅರ್ಧ ಅಲ್ಲೇ ಇದೆ. ಗಂಡ-ಹೆಂಡತಿ ಪಾತ್ರ ಮಾಡಿದ ಇಬ್ಬರಿಗೂ ಒಂದೇ ಸಿನಿಮಾಕ್ಕೆ, ಒಂದೇ ರಾತ್ರಿ, ಒಂದೇ ಪ್ರಶಸ್ತಿ. ರೆಡ್ ಬಟನ್ಸ್ ಟಿವಿಯ ಹಾಸ್ಯಗಾರರಾಗಿದ್ದವರು. ಅವರ ಕಾರ್ಯಕ್ರಮ 1955ರಲ್ಲಿ ನಿಂತುಹೋಗಿತ್ತು. ಆಸ್ಕರ್ ಅವರ ದಾರಿ ತೆರೆಯಿತು. 1962ರಲ್ಲಿ 'ಹತಾರಿ', ಅದೇ ವರ್ಷ 'ದಿ ಲಾಂಗೆಸ್ಟ್ ಡೇ', 1972ರಲ್ಲಿ 'ದಿ ಪೊಸೈಡನ್ ಅಡ್ವೆಂಚರ್'. ಬೇಟೆಗಾರನ ಜೊತೆಗಾರ, ಪ್ಯಾರಾಟ್ರೂಪರ್, ಹಡಗಿನ ಪ್ರಯಾಣಿಕ. ಒಂದಕ್ಕೊಂದು ಸಂಬಂಧವಿಲ್ಲದ ಪಾತ್ರಗಳು.

ಉಮೇಕಿ ಅವರ ಪಟ್ಟಿ ನೋಡಿ. 'ಕ್ರೈ ಫಾರ್ ಹ್ಯಾಪಿ'ಯಲ್ಲಿ ಅಮೆರಿಕದ ನೌಕಾಪಡೆಯವರು ಮತ್ತು ಗೇಶಾಗಳು, ಅಂದರೆ ಹಾಡು-ನೃತ್ಯದಿಂದ ಅತಿಥಿಗಳನ್ನು ರಂಜಿಸುವ ಜಪಾನಿ ಕಲಾವಿದೆಯರು. 'ಹಾರಿಜಾಂಟಲ್ ಲೆಫ್ಟಿನೆಂಟ್'ನಲ್ಲಿ ಮತ್ತೆ ಅಮೆರಿಕದ ಸೈನ್ಯ, ಮತ್ತೆ ಹಾಸ್ಯ. 'ಎ ಗರ್ಲ್ ನೇಮ್ಡ್ ಟಮಿಕೊ' ನಡೆಯುವುದೇ ಟೋಕಿಯೊದಲ್ಲಿ. ಅಲ್ಲಾದರೂ ಟಮಿಕೊ ಪಾತ್ರ ಸಿಕ್ಕಿತಾ? ಇಲ್ಲ, ಅದು ಫ್ರಾನ್ಸ್ ನುಯೆನ್ ಅವರಿಗೆ ಹೋಯಿತು. ನಾಯಕ ಅರ್ಧ ಚೀನೀ, ಅರ್ಧ ರಷ್ಯನ್. ಆ ಪಾತ್ರದಲ್ಲಿ ಲಾರೆನ್ಸ್ ಹಾರ್ವೆ. ಜಪಾನಿನಲ್ಲಿ ಹುಟ್ಟಿ ಬೆಳೆದ, ಆಸ್ಕರ್ ಗೆದ್ದ ನಟಿ ಅಲ್ಲಿ ಪಕ್ಕದ ಪಾತ್ರದಲ್ಲಿದ್ದರು. ಈ ಮೂರು ಚಿತ್ರಗಳ ಬಗ್ಗೆ ಇದಕ್ಕಿಂತ ಜಾಸ್ತಿ ಹೇಳುವುದೇನೂ ಇಲ್ಲ.

ರಾಗ ಜಾಝ್

ಎಲ್ಲರೂ ಅವರ ಸಂಗೀತವನ್ನು ಮರೆತರೆ ಹೇಗೆ? ಅವರು ಮೊದಲು ಗಾಯಕಿ, ಆಮೇಲೆ ನಟಿ.

ಜಪಾನಿನಲ್ಲಿ ಮಾಡಿದ ಮುದ್ರಣಗಳನ್ನು ಕೇಳಿ. 'ಮೈ ಫೂಲಿಶ್ ಹಾರ್ಟ್' ತರಹದ ಅಮೆರಿಕದ ಜನಪ್ರಿಯ ಹಾಡುಗಳೇ ಹೆಚ್ಚು. ಕೆಲವು ಪೂರ್ತಿ ಇಂಗ್ಲಿಷ್, ಕೆಲವು ಜಪಾನಿ, ಇನ್ನು ಕೆಲವು ಅರ್ಧ ಅದು ಅರ್ಧ ಇದು. ದನಿ ಎತ್ತುವುದೇ ಇಲ್ಲ. ಮೈಕಿಗೆ ಹತ್ತಿರ ನಿಂತು ಎದುರಿಗೆ ಒಬ್ಬರೇ ಇದ್ದಾರೆ ಎಂಬಂತೆ ಹಾಡುತ್ತಾರೆ. ಪ್ರತಿ ಸಾಲಿನ ಕೊನೆಯನ್ನು ಎಳೆಯದೆ ಬಿಡುತ್ತಾರೆ. ನನಗೆ ಅವರ ನಟನೆಯಲ್ಲೂ ಇದೇ ಗುಣ ಕಾಣುತ್ತದೆ. ಭಾವನೆ ಉಕ್ಕುವ ಕಡೆ ಒಂದು ಹೆಜ್ಜೆ ಹಿಂದೆ ಸರಿಯುತ್ತಾರೆ. ಅದನ್ನು ಕೆಲವರು ವಿಧೇಯತೆ ಅಂದುಕೊಂಡರು. ಅದು ಗಾಯಕಿಯ ಹಿಡಿತ.

ಬ್ರಾಡ್‌ವೇ ನಾಟಕದ ವಿಷಯವನ್ನೂ ಹೇಳಬೇಕು. 1958ರ ಡಿಸೆಂಬರ್ 1ರಂದು ನ್ಯೂಯಾರ್ಕಿನಲ್ಲಿ 'ಫ್ಲವರ್ ಡ್ರಮ್ ಸಾಂಗ್' ಶುರುವಾಯಿತು. ಸಂಗೀತ ರಿಚರ್ಡ್ ರಾಜರ್ಸ್, ಹಾಡುಗಳು ಆಸ್ಕರ್ ಹ್ಯಾಮರ್‌ಸ್ಟೈನ್, ನಿರ್ದೇಶನ ಜೀನ್ ಕೆಲ್ಲಿ. 600 ಪ್ರದರ್ಶನ ಕಂಡಿತು. ಮೇ ಲೀ ಪಾತ್ರಕ್ಕೆ ಉಮೇಕಿ ಅವರಿಗೆ ಟೋನಿ (ಬ್ರಾಡ್‌ವೇ ನಾಟಕಗಳ ದೊಡ್ಡ ಪ್ರಶಸ್ತಿ) ನಾಮನಿರ್ದೇಶನ ಸಿಕ್ಕಿತು. ಅದೇ ತಿಂಗಳು ಅವರು ಮತ್ತು ಸಹನಟಿ ಪ್ಯಾಟ್ ಸುಝುಕಿ 'ಟೈಮ್' ಪತ್ರಿಕೆಯ ಮುಖಪುಟದಲ್ಲಿದ್ದರು. ಯುದ್ಧ ಮುಗಿದು ಬರೀ 13 ವರ್ಷ!

ಅದರಲ್ಲಿ 'ಐ ಆ್ಯಮ್ ಗೋಯಿಂಗ್ ಟು ಲೈಕ್ ಇಟ್ ಹಿಯರ್' ಎಂಬ ಹಾಡಿದೆ. ಒಂದು ಚರಣದ ಸಾಲುಗಳು ಮುಂದಿನ ಚರಣದಲ್ಲಿ ಮತ್ತೆ ಬರುತ್ತವೆ. ಹೊಸ ಊರಿಗೆ ಬಂದವಳು ತನಗೆ ತಾನೇ ಧೈರ್ಯ ಹೇಳಿಕೊಳ್ಳುವ ಹಾಡು. ಉಮೇಕಿ ಪ್ರತಿ ಸಲ ಆ ಸಾಲನ್ನು ಸ್ವಲ್ಪ ಬೇರೆ ಮಾಡುತ್ತಾರೆ. ಮೊದಲು ಅನುಮಾನ ಇರುತ್ತದೆ, ಕೊನೆಗೆ ನಂಬಿಕೆ ಬಂದಿರುತ್ತದೆ. ಕಣ್ಣು ಮುಚ್ಚಿ ಕೇಳಿದರೂ ಗೊತ್ತಾಗುತ್ತದೆ.

ಸಾಗರದಾಚೆ

'ಫ್ಲವರ್ ಡ್ರಮ್ ಸಾಂಗ್' ಸಿನಿಮಾ ಆದಾಗ ಸ್ಯಾಮಿ ಫಾಂಗ್ ಪಾತ್ರ ಮಾಡಿದ ಜ್ಯಾಕ್ ಸೂ ಬಗ್ಗೆ ಒಂದು ಮಾತು. ಅವರ ನಿಜವಾದ ಹೆಸರು ಗೊರೊ ಸುಝುಕಿ. ಯುದ್ಧದ ಕಾಲದಲ್ಲಿ ಯೂಟಾ ರಾಜ್ಯದ ಟೋಪಾಝ್ ಶಿಬಿರದಲ್ಲಿ ಬಂಧನದಲ್ಲಿದ್ದವರು. ಆಮೇಲೆ ಚೀನೀ ಎನಿಸುವ ಹೆಸರು ಇಟ್ಟುಕೊಂಡು ಕೆಲಸ ಮಾಡಿದರು. ನಾಯಕ ಜೇಮ್ಸ್ ಶಿಗೆಟಾ ಕೂಡ ಹವಾಯಿಯ ಜಪಾನಿ ಮೂಲದವರು. ಕಥೆ ಮಾತ್ರ ಸ್ಯಾನ್ ಫ್ರಾನ್ಸಿಸ್ಕೊದ ಚೀನೀಯರದ್ದು. ಹಾಲಿವುಡ್‌ಗೆ ಇವರೆಲ್ಲ ಒಂದೇ ಆಗಿ ಕಂಡರು. ಇಲ್ಲಿ ನಾನು 'ಸಂಜೆ ಓದು' ಅವರ ಜೊತೆ ಇದ್ದೇನೆ.

ಸಂಜೆ ಓದು

ಹಾಗಾದರೆ ಇನ್ನಿಬ್ಬರನ್ನು ನೆನೆಯೋಣ. ಮುಂಬೈಯಲ್ಲಿ ಹುಟ್ಟಿದ ಮರ್ಲ್ ಒಬೆರಾನ್ 1930ರ ದಶಕದಲ್ಲೇ ಆಸ್ಕರ್ ನಾಮನಿರ್ದೇಶನ ಪಡೆದರು. ಆದರೆ ಹುಟ್ಟಿದ್ದು ಆಸ್ಟ್ರೇಲಿಯಾದ ಟಾಸ್ಮೇನಿಯಾದಲ್ಲಿ ಎಂದು ಹೇಳಿಕೊಂಡು, ತಾಯಿಯ ಕಡೆಯ ಏಷ್ಯಾ ಮೂಲವನ್ನು ಮುಚ್ಚಿಟ್ಟು ಬದುಕಬೇಕಾಯಿತು. ಅದಕ್ಕೇ ನಾಯಕಿಯ ಪಾತ್ರಗಳು ಸಿಕ್ಕವು. ಇನ್ನೊಬ್ಬರು ಯೊಶಿಕೊ ಯಮಾಗುಚಿ. ಉಮೇಕಿಗಿಂತ ಮೊದಲೇ, 1952ರಲ್ಲಿ 'ಜಪಾನೀಸ್ ವಾರ್ ಬ್ರೈಡ್', 1955ರಲ್ಲಿ 'ಹೌಸ್ ಆಫ್ ಬ್ಯಾಂಬೂ' ಮಾಡಿದರು. 1958ಕ್ಕೆ ಅವರೂ ಸಿನಿಮಾ ಬಿಟ್ಟರು. ಆಮೇಲೆ ಜಪಾನಿನ ಸಂಸತ್ತಿನ ಮೇಲ್ಮನೆಗೆ 1974ರಲ್ಲಿ ಆಯ್ಕೆಯಾಗಿ 18 ವರ್ಷ ಕೂತರು.

ಮುಖ ಮುಚ್ಚಿಟ್ಟರೆ ಉಳಿಯಬಹುದು, ತೋರಿಸಿದರೆ ಐದು ಸಿನಿಮಾ. ನನಗೆ ಕೋಪ ಬರುವುದು ಇದಕ್ಕೆ.

ಹಳೇ ಟಾಕೀಸು

ಆ ಕೋಪ ನ್ಯಾಯವಾದದ್ದೇ. ಆದರೆ ಉಮೇಕಿ ಬರೀ ತಲೆ ಬಗ್ಗಿಸಿದವರು ಎಂಬ ಮಾತಿಗೆ 'ಫ್ಲವರ್ ಡ್ರಮ್ ಸಾಂಗ್' ಒಂದು ಉತ್ತರ. 1961ರ ಚಿತ್ರ, ನಿರ್ದೇಶಕ ಹೆನ್ರಿ ಕೋಸ್ಟರ್. ಮೇ ಲೀ ಅಪ್ಪನ ಜೊತೆ ಹಡಗಿನಲ್ಲಿ ಅಡಗಿ ಕೂತು ಅಮೆರಿಕಕ್ಕೆ ಬರುತ್ತಾಳೆ. ನೈಟ್‌ಕ್ಲಬ್ ನಡೆಸುವ ಸ್ಯಾಮಿ ಫಾಂಗ್‌ಗೆ ಅವಳನ್ನು ಕೊಡುವುದೆಂದು ಕರಾರು ಆಗಿದೆ. ಅವನಿಗೆ ಬೇರೆಯವಳ ಮೇಲೆ ಮನಸ್ಸು. ಇವಳಿಗೆ ವಾಂಗ್ ತಾ ಮೇಲೆ. ದೊಡ್ಡವರೆಲ್ಲ ಕರಾರು ಮುರಿಯುವಂತಿಲ್ಲ ಎಂದು ಕೂತಿದ್ದಾರೆ. ಗಂಟು ಬಿಡಿಸುವವರು ಯಾರು? ಮೇ ಲೀ. ರಾತ್ರಿ ಟಿವಿಯಲ್ಲಿ ಬಂದ ಒಂದು ಹಳೇ ಸಿನಿಮಾ ನೋಡಿ, ತಾನು ಕಾನೂನುಬಾಹಿರವಾಗಿ ಗಡಿ ದಾಟಿ ಬಂದವಳು, ಹಾಗಾಗಿ ಈ ಕರಾರು ನಿಲ್ಲುವುದಿಲ್ಲ ಎಂದು ಮದುವೆ ಮನೆಯಲ್ಲಿ ಎಲ್ಲರ ಮುಂದೆ ಹೇಳುತ್ತಾಳೆ!

ಆ ಮಾತನ್ನು ಉಮೇಕಿ ಹೇಳುವ ರೀತಿ ನೋಡಿ. ಮುಖದ ಮೇಲೆ ಅದೇ ಮುಗ್ಧತೆ, ಅದೇ ಮೆಲುದನಿ. ಆದರೆ ಲೆಕ್ಕ ಎಲ್ಲ ಅವಳದೇ. ನಗು ಬರುತ್ತದೆ, ಸಮಾಧಾನವೂ ಆಗುತ್ತದೆ. ಇಂಥ ಹಾಸ್ಯ ಬಲ್ಲ ನಟಿಗೆ ಹಾಲಿವುಡ್ ಇನ್ನೊಂದು ಮೇ ಲೀ ಬರೆಯಲಿಲ್ಲ. ಪ್ರತಿಭೆ ಇತ್ತು, ಜನಪ್ರಿಯತೆ ಇತ್ತು, ಪ್ರಶಸ್ತಿ ಇತ್ತು. ಇಲ್ಲದ್ದು ಪಾತ್ರ ಒಂದೇ.

ಕಡಲ ತಡಿ

ಸಿನಿಮಾ ಬಿಟ್ಟ ಮೇಲೆ ಏನು ಮಾಡಿದರು?

ಸಾಗರದಾಚೆ

ಟಿವಿಯಲ್ಲಿ ಅತಿಥಿ ಪಾತ್ರಗಳು. 1969ರಿಂದ 1972ರವರೆಗೆ 'ದಿ ಕೋರ್ಟ್‌ಶಿಪ್ ಆಫ್ ಎಡ್ಡೀಸ್ ಫಾದರ್' ಧಾರಾವಾಹಿ. ಹೆಂಡತಿಯನ್ನು ಕಳೆದುಕೊಂಡ ಅಪ್ಪ, ಪುಟ್ಟ ಮಗ, ಆ ಮನೆ ನೋಡಿಕೊಳ್ಳುವ ಮಿಸೆಸ್ ಲಿವಿಂಗ್‌ಸ್ಟನ್ ಆಗಿ ಉಮೇಕಿ. ಮನೆಯ ಯಜಮಾನನನ್ನು ಅವರು ಕರೆಯುವುದು 'ಮಿಸ್ಟರ್ ಎಡ್ಡೀಸ್ ಫಾದರ್' ಎಂದೇ. ಇಲ್ಲಿನ ಒಂದು ಇಡೀ ತಲೆಮಾರು ಅವರನ್ನು ನೆನಪಿಟ್ಟುಕೊಂಡಿರುವುದು ಇದರಿಂದ. ಗೋಲ್ಡನ್ ಗ್ಲೋಬ್‌ಗೂ ನಾಮನಿರ್ದೇಶನ ಆಯಿತು. ಆಸ್ಕರ್ ಗೆದ್ದವರಿಗೆ ಮನೆಗೆಲಸದವರ ಪಾತ್ರ ಎಂದು ನೋವೂ ಆಗುತ್ತದೆ. ಆದರೆ ಆ ಮಗುವಿನ ಜೊತೆಗಿನ ದೃಶ್ಯಗಳನ್ನು ಅವರು ಎಷ್ಟು ಅಕ್ಕರೆಯಿಂದ ಮಾಡಿದ್ದಾರೆ ಎಂಬುದನ್ನೂ ಹೇಳಬೇಕು.

ಅದು ಮುಗಿದ ಮೇಲೆ ನಟನೆಯನ್ನೇ ಬಿಟ್ಟರು. ಗಂಡ-ಹೆಂಡತಿ ಸೇರಿ ಸಿನಿಮಾ ಎಡಿಟಿಂಗ್ ಯಂತ್ರಗಳನ್ನು ಸ್ಟುಡಿಯೊಗಳಿಗೆ, ವಿಶ್ವವಿದ್ಯಾಲಯಗಳಿಗೆ ಬಾಡಿಗೆಗೆ ಕೊಡುವ ವ್ಯವಹಾರ ನಡೆಸಿದರು. ಕೊನೆಗೆ ಮಗನ ಕುಟುಂಬಕ್ಕೆ ಹತ್ತಿರ ಇರಲು ಮಿಸೂರಿ ರಾಜ್ಯದ ಲಿಕ್ಕಿಂಗ್ ಎಂಬ ಸಣ್ಣ ಊರಿಗೆ ಹೋದರು. 2007ರ ಆಗಸ್ಟ್ 28ರಂದು ಅಲ್ಲೇ ಕ್ಯಾನ್ಸರ್‌ನಿಂದ ತೀರಿಕೊಂಡರು. 78 ವರ್ಷ.

ರಾಗ ಜಾಝ್

ಅವರೇ ಬೇಡ ಎಂದು ಬಿಟ್ಟದ್ದೂ ಇರಬಹುದು, ಅಲ್ವಾ? ಸಂಸಾರ, ಮಗ, ಸ್ವಂತ ವ್ಯವಹಾರ. ಪ್ರತಿಯೊಬ್ಬ ಕಲಾವಿದೆಯೂ ಸಾಯುವವರೆಗೆ ಕ್ಯಾಮೆರಾ ಮುಂದೆ ಇರಬೇಕೆಂದು ನಾವು ಯಾಕೆ ಬಯಸಬೇಕು? ಜಪಾನಿನಲ್ಲೇ ನಟಿ ಸೆತ್ಸುಕೊ ಹಾರಾ ಕೀರ್ತಿಯ ತುದಿಯಲ್ಲಿ, 1960ರ ದಶಕದ ಆರಂಭದಲ್ಲಿ ನಟನೆ ಬಿಟ್ಟು ಕಾಮಾಕುರಾದಲ್ಲಿ ಉಳಿದರು. 2015ರಲ್ಲಿ ತೀರಿಕೊಳ್ಳುವವರೆಗೆ ಸಾರ್ವಜನಿಕರಿಂದ ದೂರವೇ ಇದ್ದರು.

ಹಳೇ ಟಾಕೀಸು

ಬಿಡುವುದು ಅವರ ಹಕ್ಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಹಾರಾ ಬಿಡುವಾಗ ಅವರ ಮುಂದೆ ಪಾತ್ರಗಳು ಸಾಲುಗಟ್ಟಿ ನಿಂತಿದ್ದವು. ಮಗಳು, ಸೊಸೆ, ವಿಧವೆ, ತಾಯಿ ಎಲ್ಲ ಮಾಡಿ, ಸಾಕು ಅಂದರು. ಉಮೇಕಿ ಮುಂದೆ ಇದ್ದದ್ದು ಮತ್ತೊಂದು ಗೇಶಾ, ಮತ್ತೊಬ್ಬ ಮನೆಗೆಲಸದವಳು. ಇಬ್ಬರ ನಿವೃತ್ತಿಯನ್ನೂ ಒಂದೇ ತಕ್ಕಡಿಯಲ್ಲಿ ತೂಗಲು ನನಗೆ ಮನಸ್ಸು ಬರುವುದಿಲ್ಲ.

ಸಂಜೆ ಓದು

ವಾರಾಂತ್ಯದಲ್ಲಿ 'ಫ್ಲವರ್ ಡ್ರಮ್ ಸಾಂಗ್' ನೋಡಿದೆ. ಮದುವೆ ಮನೆಯ ದೃಶ್ಯ ನೀವು ಹೇಳಿದಷ್ಟೇ ಚೆನ್ನಾಗಿದೆ. ಬೀದಿಯಲ್ಲಿ ಡ್ರಮ್ ಹಿಡಿದು ಹಾಡುವ ದೃಶ್ಯ ಅದಕ್ಕಿಂತ ಇಷ್ಟವಾಯಿತು. ಸುತ್ತ ನಿಂತವರನ್ನು ಒಬ್ಬೊಬ್ಬರನ್ನಾಗಿ ನೋಡಿ ಹಾಡುತ್ತಾರೆ. ಕಥೆ, ಉಳಿದ ಪಾತ್ರಗಳ ಬಗ್ಗೆ ನನ್ನ ತಕರಾರು ಹಾಗೇ ಇದೆ. ಅದನ್ನು ಬೇರೆ ಕಡೆ ಬರೆಯುತ್ತೇನೆ.

ಕಡಲ ತಡಿ

ನಾನು ಎಲ್ಲಿಂದ ಶುರು ಮಾಡಲಿ?

ಹಳೇ ಟಾಕೀಸು

ಮೊದಲು 'ಸಯೊನಾರಾ'. ಎರಡೂವರೆ ಗಂಟೆ ಇದೆ, ಬಿಡುವು ಮಾಡಿಕೊಂಡು ನೋಡಿ. ಆಮೇಲೆ 'ಫ್ಲವರ್ ಡ್ರಮ್ ಸಾಂಗ್'. ಉಳಿದ ಮೂರು ಬಿಟ್ಟರೂ ನಡೆಯುತ್ತದೆ. ಹಾಡುಗಳ ವಿಷಯಕ್ಕೆ 'ರಾಗ ಜಾಝ್' ಅವರನ್ನೇ ಕೇಳಿ. 'ಸಯೊನಾರಾ' ನಾಯಕಿ ಮೀಕೊ ಟಾಕಾ ಬಗ್ಗೆಯೂ ಮಾತಾಡಬೇಕಿದೆ. ಅದಕ್ಕೆ ಪ್ರತ್ಯೇಕ ಚರ್ಚೆ ತೆರೆಯುತ್ತೇನೆ, ನೋಡಿದ ಮೇಲೆ ಅಲ್ಲಿಗೆ ಬನ್ನಿ.